ಊರೊಟ್ಟಿನ ಭಂಡಾರ

ಆಶಯ: ಅನೇಕರು ಕೂಡಿ ಬಳಸುವ ವಸ್ತುವನ್ನು ಜೋಪಾನ ಮಾಡುವ ಹೊಣೆ ಎಲ್ಲರದೂ ಆಗಿರುತ್ತದೆ. ಈ ನಿಯಮ ಊರಿನ ಕೆರೆಕಟ್ಟೆಗಳಿಗೆ ಅನ್ವಯಿಸುವಂತೆಯೇ ಗಣಕಯಂತ್ರದ ಒಳಗಿನ ಕಡತಗಳಿಗೂ ಅನ್ವಯಿಸುತ್ತದೆ. ವಿಂಡೋಸ್ ಎಂಬ ಕಾರ್ಯಾಚರಣ ವ್ಯವಸ್ಥೆಯಲ್ಲಿ ಹೊಸ ತಂತ್ರಾಂಶವನ್ನು ಸ್ಥಾಪಿಸುವಾಗ ಏನೇನು ನಡೆಯುತ್ತದೆ, ಅಲ್ಲಿ ಹಂಚಿಕೆಯ ಕಡತಗಳ ಪಾತ್ರವೇನು ಎಂಬುದನ್ನು ಈ ಪಾಠ ತಿಳಿಸುತ್ತದೆ.

ಊರು ಎಂದ ಮೇಲೆ ಎಲ್ಲರಿಗೂ ಸೇರಿದ ಕೆಲವು ವಸ್ತುಗಳು ಇದ್ದೇ ಇರುತ್ತವೆ. ಕೆರೆ, ಸೇದುವ ಬಾವಿ, ಗುಂಡುತೋಪು, ದೇವಾಲಯದ ದೊಡ್ಡ ಕೊಪ್ಪರಿಗೆ ಇವು ಯಾರೊಬ್ಬರ ಸ್ವತ್ತೂ ಅಲ್ಲ. ಮನೆಯಲ್ಲಿ ಮದುವೆ ನಡೆಯುವುದು ಅಪರೂಪ. ಅದಕ್ಕಾಗಿ ಪ್ರತಿಯೊಬ್ಬ ಗೃಹಸ್ಥನೂ ಮುನ್ನೂರು ಜನರ ಅಡಿಗೆಗೆ ಸಾಲುವ ಕೊಪ್ಪರಿಗೆಯನ್ನು ಕೊಂಡು ಅಟ್ಟದ ಮೇಲೆ ಇಟ್ಟುಕೊಳ್ಳಬೇಕಾಗಿಲ್ಲ. ದೇವಾಲಯದಲ್ಲಿ ಒಂದು ಇದ್ದರೆ ಸಾಕು. ಬೇಕಾದವರು ಬೇಕಾದಾಗ ತಂದು ಬಳಸಿ, ತೊಳೆದು ಹಿಂದಿರುಗಿಸುತ್ತಾರೆ. ಹಣವೂ ಉಳಿಯಿತು, ಸ್ಥಳವೂ ಉಳಿಯಿತು. ಆದರೆ ಈ ಏರ್ಪಾಟು ಸುಗಮವಾಗಿ ಸಾಗಬೇಕಾದರೆ ಒಂದು ಕಟ್ಟಳೆ ಅವಶ್ಯ: ತನ್ನ ಅನುಕೂಲಕ್ಕಾಗಿ ಯಾರೂ ಊರೊಟ್ಟಿನ ವಸ್ತುವನ್ನು ಬದಲಾಯಿಸಕೂಡದು. ಗಣಕಯಂತ್ರದ ಒಳಗೂ ಇಂತಹದೇ ಒಂದು ಊರೊಟ್ಟಿನ ಭಂಡಾರವಿದೆ. ಅದರ ಕಥೆ ಸ್ವಾರಸ್ಯಕರವಾದುದು, ಅಷ್ಟೇ ಬೋಧಪ್ರದವಾದುದು.

ಗಣಕಯಂತ್ರ ತಾನಾಗಿ ಏನನ್ನೂ ಅರಿಯದು. ಮಾಡಬೇಕಾದ ಕೆಲಸವನ್ನು ಹಂತಹಂತವಾಗಿ ತಿಳಿಸುವ ಆಜ್ಞೆಗಳ ಮಾಲೆಯೊಂದನ್ನು ಮನುಷ್ಯನೇ ಬರೆದುಕೊಡಬೇಕು. ಈ ಮಾಲೆಗೆ ಕ್ರಮವಿಧಿ ಎಂದು ಹೆಸರು. ಕ್ರಮವಿಧಿಗಳನ್ನು ಬರೆಯತೊಡಗಿದವರಿಗೆ ಬಹುಬೇಗ ಒಂದು ಸಂಗತಿ ಗೋಚರಿಸಿತು. ಲೆಕ್ಕ ಯಾವುದೇ ಇರಲಿ, ಅದರೊಳಗಿನ ಕೆಲವು ಚಿಕ್ಕ ಕೆಲಸಗಳು ಮತ್ತೆ ಮತ್ತೆ ಬರುತ್ತವೆ. ವರ್ಗಮೂಲವನ್ನು ಕಂಡುಹಿಡಿಯುವುದು, ಉತ್ತರವನ್ನು ಅಚ್ಚುಮಾಡುವುದು ಮೊದಲಾದವನ್ನು ಪ್ರತಿಯೊಬ್ಬನೂ ಪ್ರತಿಸಲವೂ ಹೊಸದಾಗಿ ಬರೆಯುವುದೆಂದರೆ ವ್ಯರ್ಥ ಶ್ರಮವಲ್ಲವೇ?

ಇಂಗ್ಲೆಂಡಿನ ಕೇಂಬ್ರಿಡ್ಜ್ ವಿಶ್ವವಿದ್ಯಾನಿಲಯದಲ್ಲಿ 1949ರ ಮೇ ತಿಂಗಳಲ್ಲಿ ಎಡ್ಸ್ಯಾಕ್ ಎಂಬ ಗಣಕಯಂತ್ರ ಕೆಲಸವನ್ನು ಆರಂಭಿಸಿತು. ಅದನ್ನು ನಿರ್ಮಿಸಿದ ತಂಡದ ಮುಖ್ಯಸ್ಥ ಮಾರಿಸ್ ವಿಲ್ಕ್ಸ್. ಆತನೂ ಆತನ ಸಂಗಡಿಗರಾದ ಡೇವಿಡ್ ವೀಲರ್, ಸ್ಟ್ಯಾನ್ಲಿ ಗಿಲ್ ಇವರೂ ಈ ಸಮಸ್ಯೆಗೆ ಸೊಗಸಾದ ಪರಿಹಾರವನ್ನು ಕಂಡುಕೊಂಡರು. ಮೇಲಿಂದ ಮೇಲೆ ಬೇಕಾಗುವ ಚಿಕ್ಕ ಕ್ರಮವಿಧಿಗಳನ್ನು ಒಮ್ಮೆ ಚೆನ್ನಾಗಿ ಬರೆದು, ಪರೀಕ್ಷಿಸಿ, ರಂಧ್ರಗಳನ್ನು ಕೊರೆದ ಕಾಗದದ ಪಟ್ಟಿಗಳ ಮೇಲೆ ದಾಖಲಿಸಿ ಒಂದು ಕಪಾಟಿನಲ್ಲಿ ಇರಿಸಿದರು. ಅದನ್ನು ಗ್ರಂಥಾಲಯ ಎಂದೇ ಕರೆದರು. 1951ರ ವೇಳೆಗೆ ಅದರಲ್ಲಿ ಸಾಮಾನ್ಯ ಉಪಯೋಗಕ್ಕೆಂದು 87 ಉಪಕ್ರಮವಿಧಿಗಳಿದ್ದುವು. ಹೊಸ ಲೆಕ್ಕ ಮಾಡಬೇಕಾದವನು ಕಪಾಟಿನಿಂದ ತನಗೆ ಬೇಕಾದ ಪಟ್ಟಿಗಳನ್ನು ಆಯ್ದು, ಅವುಗಳ ಪ್ರತಿಯನ್ನು ತನ್ನ ಪಟ್ಟಿಗೆ ಸೇರಿಸಿಕೊಳ್ಳುತ್ತಿದ್ದನು. ‘ಗ್ರಂಥಾಲಯ ಕಡತ’ ಎಂಬ ಮಾತಿನ ಹಿಂದಿರುವ ಕಲ್ಪನೆಯೂ ಇಂತಹದೇ.

ಈ ವಿಧಾನದಲ್ಲಿ ಬರೆಯುವ ಶ್ರಮ ಉಳಿಯಿತು. ಸ್ಥಳ ಮಾತ್ರ ಉಳಿಯಲಿಲ್ಲ. ಏಕೆಂದರೆ ಪ್ರತಿಯೊಂದು ಕ್ರಮವಿಧಿಯೂ ತನಗೆ ಬೇಕಾದ ಭಾಗದ ಪ್ರತಿಯನ್ನು ತನ್ನ ಹೊಟ್ಟೆಯಲ್ಲಿಯೇ ಇಟ್ಟುಕೊಂಡಿರುತ್ತಿತ್ತು. ಹತ್ತು ಕ್ರಮವಿಧಿಗಳಿದ್ದರೆ ಹತ್ತು ಪ್ರತಿಗಳು. ಪ್ರತಿಯನ್ನು ಮಾಡಿಕೊಳ್ಳುವ ಬದಲು, ‘ಇಂತಹ ಭಂಡಾರದಲ್ಲಿರುವ ಇಂತಹ ವಿಧಿ ನನಗೆ ಬೇಕು’ ಎಂಬ ಒಂದು ಚೀಟಿಯನ್ನು ಮಾತ್ರ ಬರೆದಿಟ್ಟುಕೊಂಡು, ಓಡುವ ಸಮಯದಲ್ಲಿ ಅದನ್ನು ತರಿಸಿಕೊಂಡರೆ ಹೇಗೆ? 1960ರ ದಶಕದಲ್ಲಿ ಅಮೆರಿಕದಲ್ಲಿ ರೂಪುಗೊಂಡ ಮಲ್ಟಿಕ್ಸ್ ಎಂಬ ವ್ಯವಸ್ಥೆ ಈ ಮಾರ್ಗವನ್ನು ಹಿಡಿಯಿತು. ಮುಂದೆ ಅದನ್ನು ಮನೆಮನೆಗೆ ತಲುಪಿಸಿದ್ದು ಮೈಕ್ರೋಸಾಫ್ಟ್ ಸಂಸ್ಥೆಯ ವಿಂಡೋಸ್.

ವಿಂಡೋಸ್‌ನ ಮೊದಲ ಆವೃತ್ತಿ 1985ರ ನವೆಂಬರ್‌ನಲ್ಲಿ ಹೊರಬಂದಿತು. ಅದು ನಡೆಯಲು ಬೇಕಾಗಿದ್ದ ಸ್ಮೃತಿಕೋಶ 256 ಕಿಲೋಬೈಟ್. ಇಂದಿನ ಒಂದು ಸಾಧಾರಣ ಛಾಯಾಚಿತ್ರವೂ ಅದರಲ್ಲಿ ಹಿಡಿಸಲಾರದು. ಅಷ್ಟು ಇಕ್ಕಟ್ಟಾದ ಜಾಗದಲ್ಲಿ ಹಲವು ಕ್ರಮವಿಧಿಗಳು ಏಕಕಾಲದಲ್ಲಿ ಬಾಳಬೇಕಾಗಿತ್ತು. ಕಿಟಕಿಗಳನ್ನು ತೆರೆಯುವುದು, ಅಕ್ಷರಗಳನ್ನು ಚಿತ್ರಿಸುವುದು, ಕೀಲಿಮಣೆಯ ಒತ್ತನ್ನು ಗ್ರಹಿಸುವುದು ಮುಂತಾದ ಕೆಲಸಗಳು ಎಲ್ಲಕ್ಕೂ ಸಮಾನ. ಆದ್ದರಿಂದ ಅವನ್ನು ಕರ್ನಲ್, ಯೂಸರ್, ಜಿಡಿಐ ಎಂಬ ಮೂರು ಭಂಡಾರಗಳಲ್ಲಿ ಇರಿಸಿ, ಸ್ಮೃತಿಕೋಶದಲ್ಲಿ ಅವುಗಳ ಒಂದೊಂದೇ ಪ್ರತಿಯಿಂದ ಎಲ್ಲರ ಕೆಲಸವೂ ಸಾಗುವಂತೆ ಏರ್ಪಡಿಸಲಾಯಿತು. ಓಡುವಾಗ ಬೆಸೆದುಕೊಳ್ಳುವ ಇಂತಹ ಭಂಡಾರವನ್ನು ‘ಡೈನಮಿಕ್ ಲಿಂಕ್ ಲೈಬ್ರರಿ’ ಎಂದು ಕರೆಯುತ್ತಾರೆ. ಅದರ ಮೊದಲ ಅಕ್ಷರಗಳನ್ನು ಕೂಡಿಸಿದರೆ ಡಿಎಲ್‌ಎಲ್ ಎಂದಾಗುತ್ತದೆ. ವಿಂಡೋಸ್ ಇರುವ ಯಾವ ಗಣಕಯಂತ್ರವನ್ನು ತೆರೆದು ನೋಡಿದರೂ ಹೆಸರಿನ ಕೊನೆಯಲ್ಲಿ ಈ ಮೂರು ಅಕ್ಷರಗಳಿರುವ ಕಡತಗಳು ಸಾವಿರಾರು ಸಂಖ್ಯೆಯಲ್ಲಿ ಕಾಣಸಿಗುತ್ತವೆ.

ಇವು ನಮಗೆ ದೂರದ ಸಂಗತಿಗಳೆಂದು ಭಾವಿಸಬೇಕಾಗಿಲ್ಲ. ಗಣಕದ ತೆರೆಯ ಮೇಲೆ ನಾವು ಕನ್ನಡವನ್ನು ಓದುವಂತಾದುದರ ಹಿಂದೆಯೂ ಇಂತಹ ಒಂದು ಭಂಡಾರವಿದೆ. ‘ಸ್ತ್ರೀ’ ಎಂಬ ಶಬ್ದವನ್ನು ತೆಗೆದುಕೊಳ್ಳಿ. ಕಣ್ಣಿಗೆ ಇದು ಒಂದೇ ಅಕ್ಷರ. ಆದರೆ ಯೂನಿಕೋಡ್ ಸಂಕೇತ ಪದ್ಧತಿಯಲ್ಲಿ ಇದು ಆರು ಸಂಕೇತಗಳ ಸಾಲು: ಸಕಾರ, ಹಲಂತದ ಚಿಹ್ನೆ, ತಕಾರ, ಮತ್ತೆ ಹಲಂತದ ಚಿಹ್ನೆ, ರಕಾರ, ಕೊನೆಗೆ ಈಕಾರದ ಚಿಹ್ನೆ. ಕೊನೆಯಲ್ಲಿ ಬಂದ ಈಕಾರವನ್ನು ಮೊದಲಿನ ಸಕಾರಕ್ಕೆ ಸೇರಿಸಿ, ತಕಾರ ರಕಾರಗಳನ್ನು ಒತ್ತಕ್ಷರಗಳನ್ನಾಗಿಸಿ ಜೋಡಿಸಿದಾಗಲೇ ಅಕ್ಷರಾಕೃತಿ ಪೂರ್ಣವಾಗುತ್ತದೆ. ಈ ಜೋಡಣೆಯ ಕೆಲಸವನ್ನು ವಹಿಸಿಕೊಂಡ ಭಂಡಾರದ ಹೆಸರು ಯೂನಿಸ್ಕ್ರೈಬ್. ಅದರ ಕಡತಕ್ಕೆ ‘ಯುಎಸ್‌ಪಿ10.ಡಿಎಲ್‌ಎಲ್’ ಎಂದು ಹೆಸರು. ವಿಂಡೋಸ್ 2000 ಎಂಬ ಆವೃತ್ತಿಯಲ್ಲಿ ದೇವನಾಗರಿ ಮತ್ತು ತಮಿಳು ಲಿಪಿಗಳಿಗೆ ಅವಕಾಶ ದೊರೆತಿತ್ತು. ಕನ್ನಡಕ್ಕೆ ಅದು ದೊರೆತದ್ದು 2001ರ ವಿಂಡೋಸ್ ಎಕ್ಸ್‌ಪಿಯಲ್ಲಿ, ‘ತುಂಗಾ’ ಎಂಬ ಅಕ್ಷರವಿನ್ಯಾಸದೊಡನೆ. ಆಗಲೂ ‘ಸಂಕೀರ್ಣ ಲಿಪಿಗಳ ಕಡತಗಳನ್ನು ಸ್ಥಾಪಿಸು’ ಎಂಬ ಅರ್ಥದ ಒಂದು ಚೌಕದಲ್ಲಿ ಬಳಕೆದಾರನೇ ಗುರುತು ಹಾಕಿ, ಆ ಕಡತಗಳನ್ನು ತರಿಸಿಕೊಳ್ಳಬೇಕಾಗಿತ್ತು. ಹಾಗೆ ಮಾಡದಿದ್ದರೆ ಒತ್ತಕ್ಷರಗಳು ಚೆದರಿ, ಓದಲು ಬಾರದಂತಾಗುತ್ತಿದ್ದುವು. ಮುಂದಿನ ಆವೃತ್ತಿಯಾದ ವಿಸ್ಟಾದಿಂದೀಚೆಗೆ ಆ ತೊಡಕು ಇಲ್ಲವಾಯಿತು. ಒಂದು ಭಾಷೆಯ ಜನ ತಮ್ಮ ಲಿಪಿಯನ್ನು ಸರಿಯಾಗಿ ಕಾಣುವುದೂ ಒಂದು ಕಡತದ ಇರುವಿಕೆಯನ್ನು ಅವಲಂಬಿಸಬಹುದು.

ಇನ್ನು ಅನುಸ್ಥಾಪನೆಯ ವಿಚಾರಕ್ಕೆ ಬರೋಣ. ಹೊಸ ತಂತ್ರಾಂಶವೊಂದನ್ನು ಗಣಕಯಂತ್ರದಲ್ಲಿ ನೆಲೆಗೊಳಿಸುವ ಕೆಲಸವನ್ನು ‘ಸೆಟಪ್’ ಎಂಬ ಪ್ರತ್ಯೇಕ ಕ್ರಮವಿಧಿಯೊಂದು ನಿರ್ವಹಿಸುತ್ತದೆ. 1990ರ ದಶಕದಲ್ಲಿ ತಂತ್ರಾಂಶಗಳು ಫ್ಲಾಪಿ ತಟ್ಟೆಗಳಲ್ಲಿ ಬರುತ್ತಿದ್ದುವು. ಒಂದು ತಟ್ಟೆಯ ಧಾರಣಶಕ್ತಿ 1.44 ಮೆಗಾಬೈಟ್ ಮಾತ್ರ. ಆದ್ದರಿಂದ ಕಡತಗಳನ್ನು ಒತ್ತಿ ಕಿರಿದುಗೊಳಿಸಿ ತುಂಬುತ್ತಿದ್ದರು. ಹಾಗೆ ಕಿರಿದುಗೊಳಿಸಿದ ಕಡತದ ಹೆಸರಿನ ಕೊನೆಯ ಅಕ್ಷರದ ಸ್ಥಳದಲ್ಲಿ ಒಂದು ಅಡಿಗೆರೆಯನ್ನು ಹಾಕುವ ರೂಢಿಯಿತ್ತು. ಅವನ್ನು ಮತ್ತೆ ಬಿಚ್ಚಿ ಹಿಗ್ಗಿಸಲು 1992ರ ವಿಂಡೋಸ್ 3.1ರಲ್ಲಿ ‘ಎಲ್‌ಝಡ್‌ಎಕ್ಸ್‌ಪ್ಯಾಂಡ್.ಡಿಎಲ್‌ಎಲ್’ ಎಂಬ ಭಂಡಾರವಿತ್ತು. ಸ್ಥಾಪನೆಗೆ ನೆರವಾಗುವ ಇನ್ನೊಂದು ಭಂಡಾರ ‘ವೆರ್.ಡಿಎಲ್‌ಎಲ್’. ಕಡತದ ಆವೃತ್ತಿಯ ಸಂಖ್ಯೆಯನ್ನು ಓದಿ ಹೇಳುವುದು ಇದರ ಮುಖ್ಯ ಕೆಲಸ. ಭಂಡಾರಗಳನ್ನು ಸ್ಥಾಪಿಸುವುದಕ್ಕೂ ಭಂಡಾರಗಳೇ ಬೇಕಾದುವು!

ಆವೃತ್ತಿಯ ಸಂಖ್ಯೆಯನ್ನು ಓದುವ ಅಗತ್ಯವೇನಿತ್ತು? ಹೊಸ ತಂತ್ರಾಂಶ ತನಗೆ ಬೇಕಾದ ಡಿಎಲ್‌ಎಲ್ ಕಡತಗಳನ್ನು ತನ್ನ ಜೊತೆಯಲ್ಲಿಯೇ ತರುತ್ತದೆ. ಏಕೆಂದರೆ ಗಣಕಯಂತ್ರದಲ್ಲಿ ಅವು ಮೊದಲೇ ಇರುವುವೆಂಬ ಭರವಸೆಯಿಲ್ಲ. ಒಂದು ವೇಳೆ ಅದೇ ಹೆಸರಿನ ಕಡತ ಸಾಮಾನ್ಯ ಕೋಶದಲ್ಲಿ ಆಗಲೇ ಇದ್ದರೆ ಏನು ಮಾಡಬೇಕು? ನಿಯಮ ಸ್ಪಷ್ಟವಾಗಿತ್ತು. ಇರುವುದು ಹಳೆಯದಾಗಿದ್ದರೆ ಹೊಸದನ್ನು ಇಡಬೇಕು. ಇರುವುದೇ ಹೊಸದಾಗಿದ್ದರೆ ಮುಟ್ಟಕೂಡದು. ಆ ಕಡತವನ್ನು ಆಗ ಬೇರೊಂದು ಕ್ರಮವಿಧಿ ಬಳಸುತ್ತಿದ್ದರೆ ಅದನ್ನು ಕೂಡಲೇ ಬದಲಾಯಿಸಲು ಬರುವುದಿಲ್ಲ. ಆಗ ಸೆಟಪ್ ಒಂದು ಚೀಟಿಯನ್ನು ಬರೆದಿಟ್ಟು, ಗಣಕಯಂತ್ರವನ್ನು ನಿಲ್ಲಿಸಿ ಮತ್ತೆ ಆರಂಭಿಸುವಂತೆ ಕೇಳುತ್ತದೆ. ಯಾರೂ ಎಚ್ಚರಗೊಳ್ಳುವ ಮುನ್ನ, ಆರಂಭದ ಮುಹೂರ್ತದಲ್ಲಿಯೇ ಆ ಬದಲಾವಣೆ ನಡೆದುಹೋಗುತ್ತದೆ. ಸ್ಥಾಪನೆಯ ಕೊನೆಯಲ್ಲಿ ಗಣಕಯಂತ್ರವನ್ನು ಮತ್ತೆ ಆರಂಭಿಸಿರೆಂದು ಕೇಳುವುದಕ್ಕೆ ಇದು ಒಂದು ಮುಖ್ಯ ಕಾರಣ.

ನಿಯಮವಿದ್ದ ಮಾತ್ರಕ್ಕೆ ಅದನ್ನು ಎಲ್ಲರೂ ಪಾಲಿಸುವರೆಂದು ಹೇಳಲಾಗದು. ಎಷ್ಟೋ ಸೆಟಪ್‌ಗಳು ಆವೃತ್ತಿಯ ಸಂಖ್ಯೆಯನ್ನು ನೋಡುವ ಗೋಜಿಗೇ ಹೋಗದೆ, ತಾವು ತಂದ ಹಳೆಯ ಕಡತವನ್ನು ಅಲ್ಲಿದ್ದ ಹೊಸ ಕಡತದ ಮೇಲೆ ಹೇರಿದುವು. ಇದರ ಪರಿಣಾಮವನ್ನು ಅರಿಯಲು ಊರಿನ ಕೊಳಗವನ್ನು ನೆನೆಯಿರಿ. ಊರಿನವರೆಲ್ಲ ಒಂದೇ ಕೊಳಗದಿಂದ ಧಾನ್ಯವನ್ನು ಅಳೆಯುತ್ತಾರೆ. ಸಾಲ, ಗುತ್ತಿಗೆ, ಕೂಲಿ ಎಲ್ಲದರ ಲೆಕ್ಕವೂ ಅದರ ಮೇಲೆಯೇ ನಿಂತಿದೆ. ಒಂದು ದಿನ ಹೊಸದಾಗಿ ಬಂದ ಒಕ್ಕಲೊಂದು ತನ್ನ ಕೊಳಗವನ್ನು ತಂದು ಹಳೆಯದರ ಸ್ಥಳದಲ್ಲಿ ಇಟ್ಟಿತೆನ್ನಿ. ಹೆಸರು ಅದೇ, ಆಕಾರ ಅದೇ. ಅಳತೆಯಲ್ಲಿ ಮಾತ್ರ ಹಿಡಿಯಷ್ಟು ಕಡಿಮೆ. ಹೊಸ ಒಕ್ಕಲಿಗೆ ಯಾವ ತೊಂದರೆಯೂ ಇಲ್ಲ. ಉಳಿದವರ ಲೆಕ್ಕಗಳೆಲ್ಲ ತಪ್ಪುತ್ತವೆ. ಏಕೆ ತಪ್ಪಿದುವೆಂಬುದು ಯಾರಿಗೂ ತಿಳಿಯುವುದಿಲ್ಲ. ಗಣಕಯಂತ್ರದಲ್ಲಿಯೂ ಹೀಗೆಯೇ ಆಯಿತು. ಚಿತ್ರ ಬಿಡಿಸುವ ತಂತ್ರಾಂಶವನ್ನು ಸ್ಥಾಪಿಸಿದರೆ, ನಿನ್ನೆಯವರೆಗೆ ಚೆನ್ನಾಗಿದ್ದ ಲೆಕ್ಕಪತ್ರದ ತಂತ್ರಾಂಶ ಮುಗ್ಗರಿಸುತ್ತಿತ್ತು. ದೋಷವನ್ನು ಎಸಗಿದವನು ಒಬ್ಬ, ಅಪವಾದವನ್ನು ಹೊತ್ತವನು ಮತ್ತೊಬ್ಬ. ಈ ಗೊಂದಲಕ್ಕೆ ತಂತ್ರಜ್ಞರು ‘ಡಿಎಲ್‌ಎಲ್ ನರಕ’ ಎಂದೇ ಹೆಸರಿಟ್ಟರು.

ಹಳೆಯದನ್ನು ಹೊಸದರ ಮೇಲೆ ಹೇರಿದಾಗ ಮಾತ್ರವೇ ಕಷ್ಟ ಬರುತ್ತಿತ್ತೆಂದು ತಿಳಿಯಬಾರದು. ಹೊಸ ಆವೃತ್ತಿಯಲ್ಲಿಯೂ ಹಳೆಯ ನಡವಳಿಕೆ ಸ್ವಲ್ಪ ಬದಲಾಗಿರಬಹುದು. ಹಳೆಯದರ ಒಂದು ಕುಂದನ್ನೇ ನೆಚ್ಚಿಕೊಂಡಿದ್ದ ಕ್ರಮವಿಧಿ, ಆ ಕುಂದು ತಿದ್ದಲ್ಪಟ್ಟಾಗ ಕೆಡಬಹುದು. ತೆಗೆದುಹಾಕುವಾಗಲೂ ಇಂತಹದೇ ಇಕ್ಕಟ್ಟು. ಒಂದು ತಂತ್ರಾಂಶ ಮನೆ ಬಿಟ್ಟು ಹೋಗುವಾಗ, ತಾನು ತಂದಿಟ್ಟ ಹಂಚಿಕೆಯ ಕಡತವನ್ನು ಒಯ್ಯಬೇಕೇ, ಬಿಡಬೇಕೇ? ಒಯ್ದರೆ ಅದನ್ನು ನಂಬಿದ ನೆರೆಯವರು ನಿಲ್ಲುತ್ತಾರೆ. ಎಲ್ಲರೂ ಬಿಟ್ಟು ಹೋದರೆ ಅನಾಥ ಕಡತಗಳ ಕಸ ಬೆಳೆಯುತ್ತದೆ. ಇದಕ್ಕಾಗಿ ವಿಂಡೋಸ್‌ನ ನೋಂದಣಿ ಪುಸ್ತಕದಲ್ಲಿ ಪ್ರತಿಯೊಂದು ಹಂಚಿಕೆಯ ಕಡತದ ಮುಂದೆಯೂ ಎಷ್ಟು ಜನ ಬಳಕೆದಾರರಿದ್ದಾರೆಂಬ ಎಣಿಕೆಯನ್ನು ಬರೆಯುವ ಪದ್ಧತಿ ಬಂದಿತು. ಬಂದವನು ಒಂದನ್ನು ಕೂಡಿಸಬೇಕು, ಹೋಗುವವನು ಒಂದನ್ನು ಕಳೆಯಬೇಕು, ಶೂನ್ಯವಾದಾಗ ಕಡತವನ್ನು ತೆಗೆಯಬಹುದು. ಯುಕ್ತಿ ಒಳ್ಳೆಯದೇ. ಆದರೆ ಬಂದವರಲ್ಲಿ ಕೆಲವರು ಕೂಡಿಸಲು ಮರೆತರೆ ಎಣಿಕೆಗೆ ಬೆಲೆಯೆಲ್ಲಿ?

ಕೊನೆಗೆ ಕಾವಲು ಅನಿವಾರ್ಯವಾಯಿತು. ವಿಂಡೋಸ್ 2000 ತನ್ನ ಮುಖ್ಯ ಕಡತಗಳ ಪ್ರತಿಗಳನ್ನು ಬೇರೊಂದು ಕೋಶದಲ್ಲಿ ಬಚ್ಚಿಟ್ಟುಕೊಂಡಿತು. ಯಾವುದೇ ಸೆಟಪ್ ಆ ಕಡತಗಳಲ್ಲಿ ಒಂದನ್ನು ಬದಲಾಯಿಸಿದರೆ, ವ್ಯವಸ್ಥೆ ಅದನ್ನು ಕಂಡುಹಿಡಿದು ಮೊದಲಿನ ಪ್ರತಿಯನ್ನೇ ಮತ್ತೆ ಸ್ಥಾಪಿಸುತ್ತಿತ್ತು. 2001ರ ಎಕ್ಸ್‌ಪಿ ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಒಂದೇ ಹೆಸರಿನ ಭಂಡಾರದ ಹಲವು ಆವೃತ್ತಿಗಳು ಅಕ್ಕಪಕ್ಕದಲ್ಲಿ ಇರಲು ಅದು ಅವಕಾಶ ಕೊಟ್ಟಿತು. ಗುಂಡಿಗಳನ್ನೂ ಪಟ್ಟಿಗಳನ್ನೂ ಚಿತ್ರಿಸುವ ‘ಕಾಮ್‌ಸಿಟಿಎಲ್32.ಡಿಎಲ್‌ಎಲ್’ ಎಂಬ ಕಡತದ 5.82 ಮತ್ತು 6.0 ಎಂಬ ಎರಡು ಆವೃತ್ತಿಗಳೂ ಅದರಲ್ಲಿದ್ದುವು. ತನಗೆ ಯಾವುದು ಬೇಕೆಂಬುದನ್ನು ಕ್ರಮವಿಧಿ ತನ್ನ ವಿವರಪತ್ರದಲ್ಲಿ ಬರೆದುಕೊಳ್ಳಬೇಕು. ಬರೆದುಕೊಂಡವರಿಗೆ ಹೊಸದು, ಬರೆಯದವರಿಗೆ ಹಳೆಯದು. ಒಂದೇ ಕೊಳಗಕ್ಕಾಗಿ ಜಗಳವಾಡುವುದಕ್ಕಿಂತ, ಅಳತೆಯ ಗುರುತನ್ನು ಸ್ಪಷ್ಟವಾಗಿ ಕೊರೆದ ಎರಡು ಕೊಳಗಗಳನ್ನು ಇಟ್ಟುಕೊಳ್ಳುವುದು ಲೇಸಲ್ಲವೇ? ಅನಂತರದ ವಿಸ್ಟಾ ಆವೃತ್ತಿ, ವ್ಯವಸ್ಥೆಯ ಕಡತಗಳನ್ನು ಬದಲಾಯಿಸುವ ಅಧಿಕಾರವನ್ನೇ ಸಾಮಾನ್ಯ ಸೆಟಪ್‌ಗಳಿಂದ ಕಿತ್ತುಕೊಂಡು ತನ್ನದೇ ಆದ ಒಬ್ಬ ನಂಬಿಕೆಯ ಭಂಡಾರಿಗೆ ಒಪ್ಪಿಸಿತು.

ಹಾಗಾದರೆ ಹಂಚಿಕೆಯೇ ಬೇಡ, ಪ್ರತಿಯೊಂದು ತಂತ್ರಾಂಶವೂ ತನ್ನ ಭಂಡಾರವನ್ನು ತನ್ನ ಕೋಶದಲ್ಲಿಯೇ ಇಟ್ಟುಕೊಳ್ಳಲಿ ಎಂದು ಯಾರಾದರೂ ಹೇಳಬಹುದು. ಈಗ ಸ್ಥಳಕ್ಕೆ ಬರವಿಲ್ಲ. ಎಷ್ಟೋ ತಂತ್ರಾಂಶಗಳು ಹಾಗೆ ಮಾಡುವುದೂ ಉಂಟು. ಆದರೆ ಅದಕ್ಕೂ ಬೆಲೆ ತೆರಬೇಕು. 2004ರ ಸೆಪ್ಟೆಂಬರ್‌ನಲ್ಲಿ ‘ಜಿಡಿಐಪ್ಲಸ್.ಡಿಎಲ್‌ಎಲ್’ ಎಂಬ ಚಿತ್ರಭಂಡಾರದಲ್ಲಿ ಒಂದು ಅಪಾಯಕರ ದೋಷವಿದೆಯೆಂದು ಪ್ರಕಟವಾಯಿತು. ಕೇಡಿಗರು ವಿಶೇಷವಾಗಿ ರಚಿಸಿದ ಒಂದು ಚಿತ್ರವನ್ನು ತೆರೆದರೆ ಸಾಕು, ಗಣಕಯಂತ್ರ ಅವರ ವಶವಾಗಬಹುದಾಗಿತ್ತು. ವ್ಯವಸ್ಥೆಯ ಪ್ರತಿಯನ್ನು ತಿದ್ದುವುದು ಸುಲಭವಾಗಿತ್ತು. ಆದರೆ ಹಲವು ತಂತ್ರಾಂಶಗಳು ಆ ಕಡತದ ಸ್ವಂತ ಪ್ರತಿಗಳನ್ನು ತಮ್ಮ ತಮ್ಮ ಕೋಶಗಳಲ್ಲಿ ಇಟ್ಟುಕೊಂಡಿದ್ದುವು. ಅವನ್ನೆಲ್ಲ ಹುಡುಕಿ ಒಂದೊಂದನ್ನೂ ಬೇರೆಬೇರೆಯಾಗಿ ಸರಿಪಡಿಸಬೇಕಾಯಿತು. ಊರಿಗೆ ಒಂದೇ ಬಾವಿಯಿದ್ದರೆ ಅದನ್ನು ಶುದ್ಧಿ ಮಾಡಿದರೆ ಮುಗಿಯಿತು. ಮನೆಗೊಂದು ಬಾವಿಯಿದ್ದರೆ ಎಲ್ಲವನ್ನೂ ಶುದ್ಧಿ ಮಾಡಬೇಕು. ಹಂಚಿಕೊಂಡರೆ ಕಲಹದ ಭಯ, ಹಂಚಿಕೊಳ್ಳದಿದ್ದರೆ ದೋಷ ನೂರು ಕಡೆ ಉಳಿಯುವ ಭಯ. ಇವೆರಡರ ನಡುವೆ ಹದವನ್ನು ಕಾಣುವುದೇ ತಂತ್ರಜ್ಞನ ವಿವೇಕ.

ಬಳಸುವವರಾದ ನಮಗೂ ಇಲ್ಲಿ ಒಂದು ಎಚ್ಚರವಿದೆ. ‘ಇಂತಹ ಡಿಎಲ್‌ಎಲ್ ಕಾಣುತ್ತಿಲ್ಲ, ಆದ್ದರಿಂದ ಕ್ರಮವಿಧಿಯನ್ನು ಆರಂಭಿಸಲಾಗದು’ ಎಂಬ ಸಂದೇಶ ಕೆಲವೊಮ್ಮೆ ತೆರೆಯ ಮೇಲೆ ಮೂಡುತ್ತದೆ. ಆಗ ಆತುರದಿಂದ ಗುರುತುಪರಿಚಯವಿಲ್ಲದ ಅಂತರಜಾಲ ತಾಣದಿಂದ ಆ ಹೆಸರಿನ ಕಡತವನ್ನು ತಂದು ಸುರಿಯುವುದು ಸಲ್ಲದು. ಹೆಸರು ಒಂದೇ ಆದ ಮಾತ್ರಕ್ಕೆ ಒಳಗಿರುವುದೂ ಅದೇ ಎಂದು ಹೇಗೆ ನಂಬುವುದು? ಕ್ರಮವಿಧಿ ಭಂಡಾರವನ್ನು ಸಾಮಾನ್ಯವಾಗಿ ಮೊದಲು ತನ್ನ ಕೋಶದಲ್ಲಿ, ಅನಂತರ ವ್ಯವಸ್ಥೆಯ ಕೋಶದಲ್ಲಿ ಹುಡುಕುತ್ತದೆ. ಮೊದಲು ಸಿಕ್ಕಿದ್ದನ್ನು ಸ್ವೀಕರಿಸುತ್ತದೆ. ಈ ಸರಳತೆಯನ್ನೇ ವಂಚಕರು ತಮ್ಮ ಸಾಧನವನ್ನಾಗಿ ಮಾಡಿಕೊಳ್ಳುತ್ತಾರೆ. ಆದ್ದರಿಂದ ತಂತ್ರಾಂಶವನ್ನು ಅದರ ಮೂಲ ತಯಾರಕರಿಂದಲೇ ಪಡೆದು ಮತ್ತೊಮ್ಮೆ ಸ್ಥಾಪಿಸುವುದು, ಇಲ್ಲವೇ ವಿಂಡೋಸ್ ತನ್ನಲ್ಲಿಯೇ ಇರಿಸಿಕೊಂಡಿರುವ ‘ಎಸ್‌ಎಫ್‌ಸಿ’ ಎಂಬ ತಪಾಸಣೆಯ ಸಾಧನದಿಂದ ವ್ಯವಸ್ಥೆಯ ಕಡತಗಳನ್ನು ಸರಿಪಡಿಸಿಕೊಳ್ಳುವುದು ಕ್ಷೇಮಕರವಾದ ದಾರಿ.

ಕೇಂಬ್ರಿಡ್ಜಿನ ಕಪಾಟಿನಲ್ಲಿದ್ದ ಕಾಗದದ ಪಟ್ಟಿಗಳಿಂದ ಇಂದಿನ ಸಾವಿರಾರು ಕಡತಗಳವರೆಗೆ ಒಂದೇ ಭಾವನೆ ಹರಿದುಬಂದಿದೆ: ಒಬ್ಬನು ಚೆನ್ನಾಗಿ ಮಾಡಿಟ್ಟದ್ದು ಎಲ್ಲರಿಗೂ ಒದಗಲಿ. ಭಂಡಾರದ ಕಡತ ತೆರೆಯ ಮೇಲೆ ಎಂದೂ ಕಾಣಿಸಿಕೊಳ್ಳುವುದಿಲ್ಲ. ಅದರ ಹೆಸರು ನಮಗೆ ತಿಳಿಯುವುದು ಅದು ಇಲ್ಲವಾದಾಗ ಮಾತ್ರ. ಸಮಾಜದಲ್ಲಿಯೂ ಹೀಗೆ ಕಾಣದಂತೆ ದುಡಿಯುವವರು ಅನೇಕರಿದ್ದಾರೆ. ಕೆರೆಯ ತೂಬನ್ನು ಕಾಯುವ ನೀರುಗಂಟಿ ಒಂದು ದಿನ ಬಾರದಿದ್ದರೆ ಗದ್ದೆಗಳಿಗೆಲ್ಲ ಅದು ತಿಳಿಯುತ್ತದೆ.

ಪದಗಳ ಅರ್ಥ

ಊರೊಟ್ಟು – ಇಡೀ ಊರಿಗೆ ಸೇರಿದ್ದು
ಕ್ರಮವಿಧಿ – ಗಣಕಯಂತ್ರಕ್ಕೆ ಕೊಡುವ ಆಜ್ಞೆಗಳ ಮಾಲೆ
ಅನುಸ್ಥಾಪನೆ – ತಂತ್ರಾಂಶವನ್ನು ಗಣಕಯಂತ್ರದಲ್ಲಿ ನೆಲೆಗೊಳಿಸುವುದು
ಸ್ಮೃತಿಕೋಶ – ಗಣಕಯಂತ್ರದ ನೆನಪಿನ ಭಾಗ
ಕೊಳಗ – ಧಾನ್ಯವನ್ನು ಅಳೆಯುವ ಒಂದು ಮಾನ
ಒಕ್ಕಲು – ಬೇಸಾಯದ ಕುಟುಂಬ
ನೀರುಗಂಟಿ – ಕೆರೆಯ ನೀರನ್ನು ಗದ್ದೆಗಳಿಗೆ ಹಂಚುವವನು

ಅಭ್ಯಾಸ

ಅ) ಒಂದು ವಾಕ್ಯದಲ್ಲಿ ಉತ್ತರಿಸಿರಿ.
1. ಎಡ್ಸ್ಯಾಕ್ ಗಣಕಯಂತ್ರ ಎಲ್ಲಿ, ಯಾವಾಗ ಕೆಲಸವನ್ನು ಆರಂಭಿಸಿತು?
2. ವಿಂಡೋಸ್‌ನ ಮೊದಲ ಆವೃತ್ತಿಗೆ ಬೇಕಾಗಿದ್ದ ಸ್ಮೃತಿಕೋಶವೆಷ್ಟು?
3. ಕನ್ನಡದ ಒತ್ತಕ್ಷರಗಳನ್ನು ಜೋಡಿಸುವ ಭಂಡಾರದ ಹೆಸರೇನು?

ಆ) ಮೂರು ನಾಲ್ಕು ವಾಕ್ಯಗಳಲ್ಲಿ ಉತ್ತರಿಸಿರಿ.
1. ಸ್ಥಾಪನೆಯ ಕೊನೆಯಲ್ಲಿ ಗಣಕಯಂತ್ರವನ್ನು ಮತ್ತೆ ಆರಂಭಿಸಬೇಕಾಗುವುದೇಕೆ?
2. ಹಂಚಿಕೆಯ ಕಡತಗಳ ಬಳಕೆದಾರರನ್ನು ಎಣಿಸುವ ಪದ್ಧತಿ ಏಕೆ ಪೂರ್ಣವಾಗಿ ಫಲಿಸಲಿಲ್ಲ?
3. 2004ರ ಪ್ರಸಂಗದಿಂದ ತಿಳಿದುಬರುವ ಪಾಠವೇನು?

ಇ) ಸಂದರ್ಭವನ್ನು ಸೂಚಿಸಿ ವಿವರಿಸಿರಿ.
1. “ದೋಷವನ್ನು ಎಸಗಿದವನು ಒಬ್ಬ, ಅಪವಾದವನ್ನು ಹೊತ್ತವನು ಮತ್ತೊಬ್ಬ.”
2. “ಬರೆದುಕೊಂಡವರಿಗೆ ಹೊಸದು, ಬರೆಯದವರಿಗೆ ಹಳೆಯದು.”

ಈ) ಬಿಡಿಸಿ ಬರೆದು ಸಂಧಿಯನ್ನು ಹೆಸರಿಸಿರಿ.
ಗ್ರಂಥಾಲಯ, ಊರೊಟ್ಟು, ಅಕ್ಷರಾಕೃತಿ

ಉ) ನಿಮ್ಮ ಊರಿನಲ್ಲಿ ಅಥವಾ ಶಾಲೆಯಲ್ಲಿ ಎಲ್ಲರೂ ಕೂಡಿ ಬಳಸುವ ಒಂದು ವಸ್ತುವನ್ನು ಆರಿಸಿಕೊಂಡು, ಅದರ ರಕ್ಷಣೆಗೆ ಇರುವ ನಿಯಮಗಳನ್ನೂ ಅವು ಪಾಲನೆಯಾಗುತ್ತಿರುವ ರೀತಿಯನ್ನೂ ಕುರಿತು ಒಂದು ಪುಟದಷ್ಟು ಬರೆಯಿರಿ.